ಸುಣ್ಣದ ಡಬ್ಬಿಯಲ್ಲಿ ಸಿಂಧೂರ

ಅಂದು ಬೆಳಿಗ್ಗೆ ಬೈಲಹೊಂಗಲದ ವಕೀಲೆ ಹಿನಾಕೌಸರ ಅವರ ಕಚೇರಿಯ ಬಾಗಿಲಿಗೆ ಬಂದು ನಿಂತ ಮುದುಕಿಯ ಬಗಲಲ್ಲಿ ಒಂದು ಬಟ್ಟೆಯ ಗಂಟಿತ್ತು. ಬಾಯಲ್ಲಿ ಒಂದೇ ಮಾತಿತ್ತು.

“ಬೇಟಿ, ನಾ ಆಕಿಗೆ ಏನೂ ತಿನ್ನಿಸಿಲ್ಲ!”

ಆ ದನಿ ಎಷ್ಟು ಗಟ್ಟಿಯಾಗಿತ್ತೆಂದರೆ, ಕೆಳಗೆ ನನ್ನ ಸ್ಟುಡಿಯೋದಲ್ಲಿ ಪಾಸ್‌ಪೋರ್ಟ್ ಫೋಟೋಕ್ಕೆ ಕುಳಿತಿದ್ದ ಮಾಸ್ತರರು ಬೆಚ್ಚಿ ಕಣ್ಣು ಮುಚ್ಚಿಬಿಟ್ಟರು. ನಾನು ಅವರನ್ನು ಅಲ್ಲೇ ಬಿಟ್ಟು ಮಾಳಿಗೆಗೆ ಓಡಿದೆ. ಹಿನಾಕೌಸರ ಅವರ ಬಾಗಿಲಿಗೆ ಬಂದ ಸಂಕಟ ಈ ಶಟ್ಟೆಪ್ಪನಿಲ್ಲದೆ ಪರಿಹಾರವಾದ ಉದಾಹರಣೆ ಬೆಳಗಾವಿ ಜಿಲ್ಲೆಯಲ್ಲೇ ಇಲ್ಲ. ಕಿತ್ತೂರಿನ ಮೂರು ಕೀಲಿಗಳ ಪ್ರಕರಣವಿರಲಿ, ದೇಗಾಂವದ ಕಾಣೆಯಾದ ಮದುಮಗನ ಪ್ರಕರಣವಿರಲಿ, ನಾನೇ ಅವರ ಬಲಗೈ. ಅವರು ಎಡಚರು ಎಂಬುದು ಬೇರೆ ಮಾತು.

“ಕುಂತ್ಕೊಳ್ರಿ ಖಾಲಾ,” ಎಂದರು ಹಿನಾಕೌಸರ. ತಾವು ಮಾತ್ರ ಕೂರಲಿಲ್ಲ. ಅವರು ಕೂತು ಯೋಚಿಸಿದ್ದನ್ನು ನಾನು ಕಂಡಿಲ್ಲ. ಕಿಟಕಿಯಿಂದ ಬಾಗಿಲಿಗೆ, ಬಾಗಿಲಿಂದ ಕಿಟಕಿಗೆ ನಡೆದು ನಡೆದು ಆ ಕೋಣೆಯ ಫರಶಿ ಸವೆದು ಒಂದು ಗೇಣು ತಗ್ಗು ಬಿದ್ದಿದೆ.

ಮುದುಕಿಯ ಹೆಸರು ಹಸೀನಾಬಿ. ರಾಮದುರ್ಗದಲ್ಲಿ ಹಳೆಯ ಗಾಯಕಿ-ನಟಿ ಮಥುರಾಬಾಯಿಯ ಜೊತೆಗೆ ಬಾಳಿದವಳು. ಆಳಲ್ಲ, ಬಂಧುವಲ್ಲ, ಹುಡುಗಿಯರಾಗಿದ್ದಾಗ ಇಬ್ಬರೂ ಒಂದೇ ನಾಟಕ ಕಂಪನಿಯ ಡೇರೆಯಲ್ಲಿ ಮಲಗಿದವರು. ಮಥುರಾಬಾಯಿ ಸಿನಿಮಾಕ್ಕೆ ಹೋದಾಗ ಇವಳೂ ಬೆನ್ನಿಗೆ ಹೋದಳು. ಅವರಿಗೆ ಎಲೆಯಡಿಕೆ ಮಡಚಿ ಕೊಡುವುದು ಅಂದಿನಿಂದ ಇಂದಿನವರೆಗೂ ಇವಳ ಕೈ ಒಂದೇ.

“ಆಕಿ ದನಿ ಹೋಗೇತಿ. ಹಾಡಿನ ತಾಲೀಮು ಸುರು ಆದಾಗಿಂದ ದಿನಾ ಇಷ್ಟಿಷ್ಟ ಕುಸಿಯಾಕ ಹತ್ತಿತ್ತು. ನಿನ್ನಿ ನೋಡಿದ್ರ ನನ್ನ ಸುಣ್ಣದ ಡಬ್ಬ್ಯಾಗ ಸಿಂಧೂರ ಸಿಕ್ತು. ಹನುಮಪ್ಪಗ ಬಳಿತಾರಲ್ಲ, ಆ ಸಿಂಧೂರ!”

ನಾನು ಹೌಹಾರಿದೆ. ನಾಟಕದ ಮಂದಿಗೆ ಸಿಂಧೂರ ಎಂದರೆ ಹಾವು. ಹಾಡುವವರ ದನಿ ಕೆಡಿಸಬೇಕೆಂದರೆ ವೈರಿಗಳು ವೀಳ್ಯದಲ್ಲಿ ಸಿಂಧೂರ ಇಟ್ಟು ತಿನ್ನಿಸುತ್ತಾರೆ ಎಂಬ ಮಾತು ಆ ಕಂಪನಿಗಳ ಡೇರೆಗಳಲ್ಲಿ ಹುಟ್ಟಿ, ಡೇರೆಗಳು ಹರಿದು ಹೋದ ಮೇಲೂ ಉಳಿದಿದೆ.

“ಬಾಯಾರು ಏನಂದ್ರು?” ಎಂದು ಕೇಳಿದರು ಹಿನಾಕೌಸರ.

“ಏನೂ ಅನ್ನಲಿಲ್ಲ. ‘ನೀನಲ್ಲ’ ಅಂತನೂ ಅನ್ನಲಿಲ್ಲ. ಇಷ್ಟ ವರ್ಷ ಕೂಡಿದಾಕಿ, ಮಾರಿ ಆ ಕಡೆ ತಿರುಗಿಸಿದಳು. ನಾ ಗಂಟು ಕಟ್ಟಿದೆ. ಸವದತ್ತ್ಯಾಗ ನಮ್ಮಣ್ಣನ ಮನಿ ಐತಿ, ಹೊಂಟೇನಿ. ಆದ್ರ ವಿಷಾ ಹಾಕಿದಾಕಿ ಅನಿಸಿಕೊಂಡು ಹೆಂಗ ಹೋಗಲಿ? ಮದಲ ನನ್ನ ಹೆಸರು ತೊಳದು ಕೊಡು.”

ಹಿನಾಕೌಸರ ತಟ್ಟನೆ ನಿಂತರು. “ಖಾಲಾ, ಆ ಡಬ್ಬಿ ಸುಣ್ಣಾ ನೀವೂ ತಿಂತೀರೇನು?”

“ತಿನ್ನದs ಇರತೇನೇನು? ಒಂದ ಡಬ್ಬಿ, ಇಬ್ಬರದೂ. ದಿನಾ ಮುಂಜಾನೆ ಹನಿ ನೀರು ಹಾಕಿ ಬೆರಳಿಲೆ ಕಲಸತೇನಿ.”

“ಶಟ್ಟೆಪ್ಪಣ್ಣ, ವ್ಯಾನ್ ತಗೀ,” ಎಂದರು ಅವರು.

ನಾನು ಆ ದಿನ ವ್ಯಾನು ಓಡಿಸಿದ ವೇಗಕ್ಕೆ ದಾರಿಯ ಬದಿಯ ಬೇವಿನ ಮರಗಳು ತಲೆ ತಗ್ಗಿಸಿದವು. ದಾರಿಯುದ್ದಕ್ಕೂ ಹಸೀನಾಬಿ ಮಾತಾಡಿದಳು. ಅವಳ ಮಾತು ಎಂಜಿನ್ನಿನ ಸದ್ದನ್ನು ಮೀರಿ ಹಿಂದಿನ ಸೀಟಿನಿಂದ ನನ್ನ ಕಿವಿಗೆ ಬಡಿಯುತ್ತಿತ್ತು.

ಮಥುರಾಬಾಯಿ ಯಾರೆಂದು ಇಂದಿನ ಹುಡುಗರಿಗೆ ತಿಳಿಯದು. ಅವರು ಹಾಡಿದರೆ ಮಲಪ್ರಭೆ ಹರಿಯುವುದನ್ನು ಬಿಟ್ಟು ನಿಂತು ಕೇಳುತ್ತಿದ್ದುದನ್ನು ನಾನು ಕಣ್ಣಾರೆ ಕಂಡಿದ್ದೇನೆ. ನಾನು ಆಗ ಹುಟ್ಟಿರಲಿಲ್ಲ ಎಂದು ನನ್ನ ಹೆಂಡತಿ ತಕರಾರು ಮಾಡುತ್ತಾಳೆ. ನಾಟಕದಿಂದ ಕನ್ನಡ ಚಿತ್ರಗಳಿಗೆ, ಅಲ್ಲಿಂದ ಮರಾಠಿ ಚಿತ್ರಗಳಿಗೆ ಹೋದವರು. ಎಲ್ಲ ನಟಿಯರೂ ಬೇರೆಯವರ ಹಾಡಿಗೆ ತುಟಿ ಆಡಿಸುವ ಕಾಲದಲ್ಲಿ ಅವರದು ಒಂದೇ ಹಟ: ‘ನನ್ನ ಮಾರಿಗೆ ನನ್ನದ ದನಿ.’ ಅದೂ ಮೊದಲೇ ಮುದ್ರಿಸಿಟ್ಟ ಹಾಡಲ್ಲ, ಕ್ಯಾಮೆರಾ ತಿರುಗುತ್ತಿರುವಾಗಲೇ ಹಾಡಬೇಕು. ಅದಕ್ಕಾಗಿ ಪೇಟಿ, ಅಂದರೆ ಹಾರ್ಮೋನಿಯಂ, ನುಡಿಸುವವನನ್ನು ಪೊದೆಯಲ್ಲಿ ಅಡಗಿಸಿದರು, ತಬಲಾದವನನ್ನು ಚಕ್ಕಡಿಯ ಕೆಳಗೆ ಮಲಗಿಸಿದರು.

“ಒಮ್ಮೆ ಒಬ್ಬ ದೊಡ್ಡ ನಿರ್ಮಾಪಕ ಬಂದು, ‘ಬರೇ ಬಾಯಿ ಆಡಸ್ರಿ, ದನಿ ಬ್ಯಾರೆದವರದು ಹಾಕತೇವಿ’ ಅಂದ,” ಎಂದಳು ಹಸೀನಾಬಿ. “ಆಕಿ ಅಂದ್ಲು: ‘ಹಂಗಾರ ಮಾರೀನೂ ಬ್ಯಾರೆದವರದ ಹಾಕ್ರಿ.’ ಆ ಹಟಕ್ಕ ಎಷ್ಟು ಸಿನಿಮಾ ಹೋದುವು! ಆಕಿಗೆ ಅದರ ಚಿಂತಿ ಇರಲಿಲ್ಲ.”

ಈಗ ಬಹಳ ವರ್ಷದ ಮೇಲೆ ಅಭಿಜಿತ ಎಂಬ ನಿರ್ದೇಶಕ ಪುಣೆಯಿಂದ ಬಂದು ರಾಮದುರ್ಗದಲ್ಲೇ ಚಿತ್ರ ತೆಗೆಯುತ್ತಿದ್ದ. ಮುದಿ ಗಾಯಕಿಯ ಪಾತ್ರ ಮಥುರಾಬಾಯಿಯದು. ಚಿತ್ರದ ಒಂದೇ ಹಾಡು ಇಂದು ಸಂಜೆಯ ಬೆಳಕಿನಲ್ಲಿ ಹೊಳೆಯ ಮೆಟ್ಟಿಲ ಮೇಲೆ ಚಿತ್ರೀಕರಣವಾಗಬೇಕಿತ್ತು. ದನಿ ಇಲ್ಲದಿದ್ದರೆ ಹಳೆಯ ಹಾಡುಗಳಿಂದ ಯಂತ್ರ ತಯಾರಿಸಿದ ದನಿಯನ್ನು ಅವರ ಮುಖಕ್ಕೆ ಅಂಟಿಸುತ್ತಾರಂತೆ. ನಿನ್ನೆ ಸಿಂಧೂರ ಕಂಡ ಮೇಲೆ ಮಥುರಾಬಾಯಿ ಅದಕ್ಕೂ ಒಪ್ಪಿಬಿಟ್ಟಿದ್ದರು.

ನಾವು ಅಂಗಳಕ್ಕೆ ಕಾಲಿಟ್ಟಾಗ ಪಡಸಾಲೆಯಲ್ಲಿ ಮಥುರಾಬಾಯಿ ಬೋನಿನಲ್ಲಿಟ್ಟ ಹುಲಿಯ ಹಾಗೆ ಅತ್ತಿತ್ತ ತಿರುಗುತ್ತಿದ್ದರು. ಹಾಲಿನ ಪಾತ್ರೆಗೆ ಬಾಯಿ ಹಾಕಿದ ಬೆಕ್ಕೊಂದನ್ನು ಕಂಡು ಅವರು ಗದರಿದ ಗದರಿಕೆಗೆ ಅದಲ್ಲದೆ ಮೂಲೆಯಲ್ಲಿ ಮಲಗಿದ್ದ ಇನ್ನೆರಡು ಬೆಕ್ಕುಗಳೂ ಗೋಡೆ ಹಾರಿದವು. ಹಿನಾಕೌಸರ ನನ್ನತ್ತ ನೋಡಿ ಹುಬ್ಬೇರಿಸಿದರು. ನಾನೂ ಏರಿಸಿದೆ, ಯಾಕೆಂದು ನನಗೆ ಗೊತ್ತಿರಲಿಲ್ಲ.

ಹಸೀನಾಬಿಯನ್ನು ಕಂಡು ಮಥುರಾಬಾಯಿ ಒಂದು ಕ್ಷಣ ನಿಂತರು. “ಬಂದೇನು?” ಎಂದರು, ಗೋಡೆಯ ಕಡೆ ನೋಡುತ್ತ.

“ನಿನಗಾಗಿ ಬಂದಿಲ್ಲ. ನನ್ನ ಹೆಸರಿಗಾಗಿ ಬಂದೇನಿ,” ಎಂದು ಹಸೀನಾಬಿ ಹೊಸ್ತಿಲ ಹೊರಗೇ ಕುಳಿತಳು.

ಒಳಗೆ ಮೂವರಿದ್ದರು. ಒಬ್ಬ ತ್ರ್ಯಂಬಕ, ಮಥುರಾಬಾಯಿಯ ಅಣ್ಣನ ಮಗ, ಪೇಟಿ ನುಡಿಸುವವನು. ಪೇಟಿಯಿಲ್ಲದ ಬೆರಳುಗಳು ತೊಡೆಯ ಮೇಲೆಯೇ ಏನೋ ನುಡಿಸುತ್ತಿದ್ದವು, ಒಂದು ಗಳಿಗೆ ಬಿಡುವಿಲ್ಲ. ಇನ್ನೊಬ್ಬ ತಬಲಾದ ನಾಸಿರ. ಮೂರನೆಯವನು ನಿರ್ದೇಶಕ ಅಭಿಜಿತ. ಉಸಿರಿಗೊಮ್ಮೆ ಆಕಾಶ ನೋಡುತ್ತಿದ್ದ.

“ಡಬ್ಬ್ಯಾಗ ಸಿಂಧೂರ ಕಂಡದ್ದು ಯಾರಿಗೆ?” ಎಂದು ಕೇಳಿದರು ಹಿನಾಕೌಸರ.

“ನನಗರೀ,” ಎಂದ ತ್ರ್ಯಂಬಕ. “ನಿನ್ನೆ ಮಧ್ಯಾಹ್ನ ಒಂದು ಎಲಿ ಹಾಕ್ಕೋಬೇಕಂತ ಮುಚ್ಚಳ ತಗದೆ. ಸಾಕ್ಷಿಗಿರಲಿ ಅಂತ ಹಂಗs ಅರಿವ್ಯಾಗ ಕಟ್ಟಿಟ್ಟೇನಿ. ಅತ್ಯಾನ ದನಿ ಯಾವಾಗಿಂದ ಕೆಡ್ಲಿಕ್ಕೆ ಹತ್ತಿತೋ ಆವಾಗಿಂದ ತಿನ್ನಿಸ್ಯಾಳ್ರಿ.”

ಹೊಸ್ತಿಲ ಹೊರಗಿನಿಂದ ಬಂದ ಬೈಗುಳಗಳನ್ನು ಇಲ್ಲಿ ಬರೆಯಲಾರೆ.

ಹಿನಾಕೌಸರ ತ್ರ್ಯಂಬಕ ಕಟ್ಟಿಟ್ಟ ಗಂಟು ಬಿಚ್ಚಿ ಡಬ್ಬಿ ತೆರೆದರು. ಸುಣ್ಣದ ಮೇಲೆ ಕೇಸರಿ ಪುಡಿ ಹರಡಿತ್ತು. ಎಲೆಯ ತೊಟ್ಟಿನಿಂದ ಅದನ್ನು ಬದಿಗೆ ಸರಿಸಿದರು. ಕೆಳಗೆ ಬೆಳ್ಳನೆಯ ಸುಣ್ಣ. ಮುಚ್ಚಿ ಮತ್ತೆ ಗಂಟು ಹಾಕಿದರು.

ಅಭಿಜಿತ ಹತ್ತಿರ ಬಂದು ಮೆಲ್ಲಗೆ ಕೇಳಿದ: “ಮ್ಯಾಡಮ್, ಇದು ಹಣಿಗೆ ಹಚ್ಕೊಳ್ಳೋದಲ್ಲ? ಇದಕ್ಕೂ ದನಿಗೂ ಏನು ಸಂಬಂಧ? ನಿನ್ನೆಯಿಂದ ಎಲ್ಲಾರೂ ಹೆಣದ ಮನಿ ಹಂಗ ಕೂತಾರ, ಯಾರೂ ನನಗ ಬಿಡಿಸಿ ಹೇಳವಲ್ರು.”

ನಾನೇ ಬಿಡಿಸಿ ಹೇಳಿದೆ. ನಾನು ಹೇಳಿದ ಕತೆಯಲ್ಲಿ ಸಿಂಧೂರ ತಿಂದ ಏಳು ಗಾಯಕರು ಮೂಕರಾದರು, ಒಬ್ಬ ಬೊಗಳತೊಡಗಿದ. ಅಭಿಜಿತನ ಬಾಯಿ ತೆರೆದದ್ದು ಮುಚ್ಚಲಿಲ್ಲ.

“ಯಂತ್ರದ ದನಿ ನಿಮ್ಮ ವಿಚಾರಾನೇನು?” ಎಂದರು ಹಿನಾಕೌಸರ.

“ಅಯ್ಯೋ, ಇಲ್ರಿ. ಮೊದಲು ನಮಗ ಆ ವಿಚಾರ ಇರಲಿಲ್ಲ. ಹಳೇ ಹಾಡು ಎಲ್ಲಾ ಹೊಂದಿಸಿ ಮನಿಯವರs ಕೊಟ್ರು, ಒಂದು ಆಸರ ಇರ್ಲಿ ಅಂತ. ಬಾಯಾರು ಸ್ವತಃ ಹಾಡಿದ್ರ ಅದಕ್ಕಿಂತ ದೊಡ್ಡದೇನದ? ಅದಕ್ಕ ಅಲ್ಲೇನು ನಾ ಇಲ್ಲಿತನಕ ಬಂದದ್ದು?”

ಮಥುರಾಬಾಯಿ ಕೂದಲು ಬಿಗಿಯುತ್ತ ತಮಗೆ ತಾವೇ ಏನೋ ಗುನುಗುತ್ತಿದ್ದರು. ಆ ಗುನುಗು ಮೇಲೆ ಹತ್ತಿ, ಜಾರದೆ ಕೆಳಗಿಳಿಯಿತು. ಹಿನಾಕೌಸರ ಕಿವಿ ನಿಮಿರಿಸಿದರು.

“ಬಾಯಾರ, ಒಂದೀಟು ಹಾಡಿ ತೋರಸ್ತೀರೇನು?”

ಅವರ ಹಳೆಯ ತಂಬೂರಿಯ ಬುರುಡೆ ಒಡೆದಾಗಿನಿಂದ ಕರೆಂಟಿನ ತಂಬೂರಿಯೇ ಗತಿ. ಇಟ್ಟಿಗೆಯಷ್ಟು ದೊಡ್ಡದೊಂದು ಪೆಟ್ಟಿಗೆ, ಗುಂಡಿ ಒತ್ತಿದರೆ ತಂಬೂರಿಯಂತೆ ಶ್ರುತಿ ಹಿಡಿಯುತ್ತದೆ. ತ್ರ್ಯಂಬಕ ಗುಂಡಿ ಒತ್ತಿದ. ಮಥುರಾಬಾಯಿ ಕಣ್ಣು ಮುಚ್ಚಿ ಶುರು ಮಾಡಿದರು. ಕೆಳಗಿನ ಸ್ವರಗಳು ಬಂದವು. ಮೇಲಿನ ಷಡ್ಜಕ್ಕೆ ಕೈ ಚಾಚಿದಾಗ ದನಿ ಸೀಳಿ ಚೂರಾಯಿತು. ಎರಡನೆಯ ಸಲವೂ ಅದೇ. ಅವರು ಸೆರಗನ್ನು ಬಾಯಿಗೆ ಒತ್ತಿ ಎದ್ದು ಒಳಗೆ ಹೋದರು.

“ಕರಳು ಹಿಂಡಿದಂಗ ಆಗ್ತದ್ರೀ,” ಎಂದ ತ್ರ್ಯಂಬಕ. ಅವನ ಕಣ್ಣಲ್ಲಿ ನಿಜವಾಗಿಯೂ ನೀರಿತ್ತು. ನನಗೂ ಬಂತು, ನಾನು ಅತ್ತರೆ ಕೊಡಗಟ್ಟಲೆ.

ಹಿನಾಕೌಸರ ಆ ಪೆಟ್ಟಿಗೆಯ ಮುಂದೆ ಮಂಡಿಯೂರಿದರು. ಮುಂಬದಿಯ ದೊಡ್ಡ ತಿರುಪಿನ ಪಕ್ಕ ಉಗುರುಬಣ್ಣದ ಕೆಂಪು ಚುಕ್ಕಿಯೊಂದಿತ್ತು. ತಿರುಪು ಸರಿಯಾಗಿ ಚುಕ್ಕಿಗೇ ನಿಂತಿತ್ತು.

“ಅದು ನಾ ಹಚ್ಚಿದ್ದು,” ಎಂದಳು ಹಸೀನಾಬಿ ಹೊರಗಿನಿಂದ. “ಆಕಿಗೆ ಕಣ್ಣು ಮಂಜು. ಆಕಿ ಶ್ರುತಿ ಕರಿ ನಾಕು. ತಿರುಪು ಅಲ್ಲೇ ಇರಬೇಕಂತ ಗುರ್ತು ಮಾಡೇನಿ.”

ಕರಿ ನಾಕು ಎಂದರೆ ಪೇಟಿಯ ನಾಲ್ಕನೆಯ ಕಪ್ಪು ಪಟ್ಟಿ. ಮಥುರಾಬಾಯಿ ಆ ಪಟ್ಟಿಯ ಸ್ವರವನ್ನೇ ಷಡ್ಜ ಮಾಡಿಕೊಂಡು ಹಾಡುವವರು. ಪೆಟ್ಟಿಗೆಯ ಹಿಂಬದಿಯನ್ನೂ ಹಿನಾಕೌಸರ ತಿರುಗಿಸಿ ನೋಡಿದರು. ಅಲ್ಲಿ ಕಡಲೆಕಾಳಿನಷ್ಟು ಸಣ್ಣ ತಿರುಪೊಂದಿತ್ತು. ಪೆಟ್ಟಿಗೆಯ ಬೆನ್ನ ತುಂಬ ಧೂಳು. ಆ ತಿರುಪು ಮಾತ್ರ ಹೊಳೆಯುತ್ತಿತ್ತು.

“ಪೇಟಿ ಎಲ್ಲೈತಿ?”

“ಇಲಿ ಗಾಳಿ ತಿದಿ ಕಡದು ಹಾಕ್ಯಾವ್ರೀ,” ಎಂದ ತ್ರ್ಯಂಬಕ. “ತಾಲೀಮು ಸುರು ಆದ ದಿನಾನ ಸವದತ್ತಿ ಕಾಡಪ್ಪನ ಕಡೆ ರಿಪೇರಿಗೆ ಕೊಟ್ಟು ಬಂದೆ. ನಮ್ಮ ನಸೀಬ ಖೊಟ್ಟಿ.”

“ಮೂರು ಬೆಕ್ಕು ಇದ್ದ ಮನ್ಯಾಗ ಇಲಿ!” ಎಂದಿತು ಹೊಸ್ತಿಲ ಆಚೆಯ ದನಿ.

ಮೂಲೆಯಲ್ಲಿ ನಾಸಿರ ಹರಿದ ತಬಲಾವನ್ನು ಮಗುವಿನಂತೆ ತೊಡೆಯ ಮೇಲೆ ಇಟ್ಟುಕೊಂಡಿದ್ದ. “ನಿನ್ನೆ ಮುಂಜಾನೆ ಶ್ರುತಿ ಏರಸಾಕ ಹೋದೆ, ಟಪ್ ಅಂತ ಚರ್ಮ ಹರೀತು. ನಮ್ಮಪ್ಪನ ಕಾಲದ ತಬಲಾ ಅಕ್ಕಾರ. ದಿನಾ ಸುತ್ತಿಗಿಲೆ ಗಟ್ಟಿ ಬಡದು ಬಡದು ಕೆಳಗ ಇಳಸೇನಿ, ಆದ್ರೂ ಶ್ರುತಿಗೆ ಮುಟ್ಟವಲ್ದು. ಹವಾ ಥಂಡಿ ಆಗೇತಿ ಅಂತ ತ್ರ್ಯಂಬಕಣ್ಣ ಅಂದ.”

ಗಟ್ಟಿ ಎಂದರೆ ತಬಲಾದ ಬಾರುಗಳ ಕೆಳಗೆ ಸಿಕ್ಕಿಸಿದ ಮರದ ತುಂಡು. ಅದನ್ನು ಕೆಳಗೆ ಬಡಿದಷ್ಟೂ ಚರ್ಮ ಬಿಗಿದು ಸ್ವರ ಏರುತ್ತದೆ. ಹಿನಾಕೌಸರ ಅದರ ಫೋಟೋ ತೆಗೆಯಲು ಹೇಳಿದರು. ತಬಲಾದೊಂದಿಗೆ ನಾನೂ ಬರುವ ಹಾಗೆ ತೆಗೆದೆ, ಚೆನ್ನಾಗಿ ಬಂದಿದೆ.

ಆಮೇಲೆ ಅವರು ನನ್ನನ್ನು ಅಂಗಳಕ್ಕೆ ಎಳೆದರು. “ಶಟ್ಟೆಪ್ಪಣ್ಣ, ಸವದತ್ತಿಗೆ ಹೋಗು. ಕಾಡಪ್ಪನಿಂದ ಪೇಟಿ ತಾ. ಇದ್ದಂಗs ತಾ. ಮತ್ತ ಅಂವಗ ಒಂದ ಮಾತು ಕೇಳು: ಕೊಟ್ಟಾಂವ ಏನು ಹೇಳಿ ಕೊಟ್ಟಾನ ಅಂತ. ಬೆಳಕು ಹೋಗೂದರೊಳಗ ನೀ ಬರಲಿಲ್ಲಂದ್ರ ಇಬ್ಬರು ಮುದಕ್ಯಾರ ಬಾಳು ಮುಗೀತು.”

ಹೋದೆ ಅನ್ನುವುದಕ್ಕಿಂತ ಹಾರಿದೆ ಅನ್ನಬೇಕು. ಎದುರು ಬಂದ ಟ್ರ್ಯಾಕ್ಟರುಗಳು ಹೊಲಕ್ಕಿಳಿದು ದಾರಿ ಬಿಟ್ಟವು. ಸವದತ್ತಿಯಲ್ಲಿ ಕಾಡಪ್ಪ ಅಂಗಡಿಯ ಮುಂದೆ ಚಹಾ ಕುಡಿಯುತ್ತ ಕೂತಿದ್ದ. ಪೇಟಿ ಮೂಲೆಯಲ್ಲಿ ಬಂದ ಹಾಗೆಯೇ ಇತ್ತು.

“ಇನ್ನೂ ಮುಟ್ಟಿಲ್ಲೇನೋ ಮಾರಾಯಾ?”

“ಮುಟ್ಟಬ್ಯಾಡ ಅಂದಾರಲ್ರಿ! ‘ಶೂಟಿಂಗ್ ಮುಗಿಯೂತನಕ ಕೈ ಹಚ್ಚಬ್ಯಾಡ, ಅವಸರಿಲ್ಲ’ ಅಂದ್ರು. ರಿಪೇರಿ ಅಂದ್ರ ಒಂದು ಪಟ್ಟಿ ಅಂಟಸೂದು. ಬ್ಲೇಡಿಲೆ ಗೀರಿದಂಗ ಹರದೇತಿ.”

ನಾನು ಬ್ಲೇಡು ಹಿಡಿದ ಇಲಿಯನ್ನು ಕಲ್ಪಿಸಿಕೊಂಡು ನಗುತ್ತ ಮರಳಿದೆ. ಅಷ್ಟೊತ್ತಿಗೆ ಬಿಸಿಲು ಹಳದಿಯಾಗಿತ್ತು.

ಹೊಳೆಯ ಮೆಟ್ಟಿಲ ಮೇಲೆ ಎಲ್ಲರನ್ನೂ ಸೇರಿಸಿದ್ದರು. ಕ್ಯಾಮೆರಾ ನಿಂತಿತ್ತು, ಮೈಕು ಕೋಲಿನ ತುದಿಯಲ್ಲಿ ತೂಗುತ್ತಿತ್ತು. ಮಥುರಾಬಾಯಿ ಪಾತ್ರದ ಹಸಿರು ಸೀರೆಯುಟ್ಟು, ಬಣ್ಣ ಹಚ್ಚಿಕೊಂಡು, ಸೆರಗಿನೊಳಗೆ ಇನ್ನೊಂದು ಸಣ್ಣ ಮೈಕು ಸಿಕ್ಕಿಸಿಕೊಂಡು, ಬೇರೆಯವರ ಮದುವೆಗೆ ಬಂದವರಂತೆ ಕೂತಿದ್ದರು. ಹಸೀನಾಬಿ ಮೇಲಿನ ಮೆಟ್ಟಿಲಲ್ಲಿ, ದೂರಕ್ಕೆ. ಅಭಿಜಿತ ಸೂರ್ಯನನ್ನು ಕಣ್ಣಿಂದಲೇ ಹಿಡಿದು ನಿಲ್ಲಿಸಲು ನೋಡುತ್ತಿದ್ದ.

ನಾನು ಕಾಡಪ್ಪನ ಮಾತನ್ನು ಕಿವಿಯಲ್ಲಿ ಹೇಳಿದೆ. ಹಿನಾಕೌಸರ ಪೇಟಿಯ ತಿದಿಯ ಗೀರಿಗೆ ಗಾಯಕ್ಕೆ ಹಚ್ಚುವ ಪಟ್ಟಿ ಅಂಟಿಸಿ, ಎದ್ದು ನಿಂತು, ಮೆಟ್ಟಿಲ ಮೇಲೆಯೇ ಅತ್ತಿತ್ತ ನಡೆಯತೊಡಗಿದರು.

“ಬಾಯಾರ, ಮದಲನೇ ಮಾತು. ನಿಮ್ಮ ದನಿ ಎಲ್ಲೂ ಹೋಗಿಲ್ಲ.”

“ನನ್ನ ದನಿ ನನಗ ಗೊತ್ತಿಲ್ಲೇನು?” ಎಂದರು ಮಥುರಾಬಾಯಿ ಖಾರವಾಗಿ.

“ಮುಂಜಾನೆ ಬೆಕ್ಕಿಗೆ ಬೈದ್ರಲ್ಲ, ಆ ದನಿ ಯಾರದು? ಕೂದಲಾ ಕಟ್ಟಕೋತ ಗುನುಗಿದ್ರಲ್ಲ, ಮೇಲಿನ ಷಡ್ಜ ಹೂ ಎತ್ತಿದಂಗ ಎತ್ತಿದ್ರಿ. ಸಿಂಧೂರ ಗಂಟಲಾ ಕೆಡಸಿದ್ರ ಬೈಗುಳಕ್ಕೂ ಕೆಡಬೇಕು, ಗುನುಗಿಗೂ ಕೆಡಬೇಕು. ಆದ್ರ ನಿಮ್ಮ ದನಿ ಒಡಿಯೂದು ಒಂದ ಕಡೆ. ಆ ಪೆಟ್ಟಿಗಿ ಮುಂದ.”

ಅವರು ಕರೆಂಟಿನ ತಂಬೂರಿಯನ್ನು ಚಾಲೂ ಮಾಡಿದರು. ಆಮೇಲೆ ಪೇಟಿಯ ನಾಲ್ಕನೆಯ ಕಪ್ಪು ಪಟ್ಟಿ ಒತ್ತಿ, ತಿದಿ ಎಳೆದರು. ಎರಡು ಸ್ವರಗಳೂ ಒಂದನ್ನೊಂದು ಕಚ್ಚಿದವು. ನಾಸಿರ ಎರಡೂ ಕಿವಿ ಮುಚ್ಚಿಕೊಂಡು, “ಯಾ ಅಲ್ಲಾ!” ಎಂದ. ಪೇಟಿಯಲ್ಲಿ ಮುಂದಿನ ಪಟ್ಟಿ ಒತ್ತಿದಾಗ ಎರಡೂ ಒಂದಾದವು.

“ಪೇಟಿಯ ಸ್ವರ ಏರಸಾಕ ಬರೂದಿಲ್ಲ, ಅದು ಇದ್ದಲ್ಲೇ ಇರತೈತಿ. ಪೆಟ್ಟಿಗಿ ಒಂದು ಪಟ್ಟಿ ಮ್ಯಾಲೇರಿ ಕೂತೈತಿ. ಮುಂದಿನ ದೊಡ್ಡ ತಿರುಪು ಚುಕ್ಕಿಗೇ ಐತಿ. ಏರಿಸಿದ್ದು ಹಿಂದಿನ ಸಣ್ಣ ತಿರುಪು. ಪೂರಾ ಬೆನ್ನ ಮ್ಯಾಲ ಧೂಳು, ಅದರ ಮ್ಯಾಲ ಇಲ್ಲ. ದಿನಾ ಒಂದು ಎಳಿ, ಒಂದು ಎಳಿ. ಒಮ್ಮೆಲೆ ಏರಿಸಿದ್ರ ನಿಮಗ ತಿಳೀತಿತ್ತು. ಹಿಂಗಾಗಿ ದಿನಾ ನಿಮಗ ಅನಿಸ್ತು, ನನ್ನ ದನಿ ಇವತ್ತ ಇನ್ನಷ್ಟ ಕುಸೀತು ಅಂತ. ಶ್ರುತಿ ಮ್ಯಾಲ ಹಾಡುವವರು ಸಂಶಯ ಪಡೂದಿಲ್ಲ, ತಮ್ಮ ಮ್ಯಾಲ ಪಡ್ತಾರ. ನಾಸಿರನೂ ಅದನ್ನ ನಂಬಿ ಬಡದು ಬಡದು ತಬಲಾ ಹರಕೊಂಡ.”

ಮಥುರಾಬಾಯಿ ತಡವಿ ಪೆಟ್ಟಿಗೆಯ ಗುಂಡಿ ಆರಿಸಿದರು. “ಯಾರು?”

“ಹೇಳತೇನಿ. ಸಿಂಧೂರ ತಿನ್ನಿಸಿದವರು ಯಾರೂ ಇಲ್ಲ. ಖಾಲಾ ಆ ಸುಣ್ಣಾ ದಿನಾ ನೀರು ಹಾಕಿ ಕಲಸ್ತಾರ, ತಾವೂ ತಿಂತಾರ. ತಾಲೀಮು ಸುರು ಆದಾಗಿಂದ ಅದರಾಗ ಸಿಂಧೂರ ಇದ್ದಿದ್ರ ಸುಣ್ಣಾ ಪೂರಾ ಕೇಸರಿ ಆಗಬೇಕಿತ್ತು. ಅದು ಬರೇ ಮ್ಯಾಲ ಉದುರಿಸಿದ್ದು, ಕೆಳಗ ಬೆಳ್ಳಗೈತಿ. ಮತ್ತ ಖಾಲಾನ ದನಿ ಹೆಂಗೈತಿ ಅಂತ ಇಲ್ಲಿ ಯಾರಿಗೂ ಹೇಳಬೇಕಾಗಿಲ್ಲ.”

“ಬೈಲಹೊಂಗಲದ ಮಾಸ್ತರರನ್ನ ಕೇಳ್ರಿ,” ಎಂದೆ ನಾನು.

“ಹಂಗಾರ ಸಿಂಧೂರ ಇಟ್ಟವರು ಅದರ ಹೆಸರು ಕೇಳಿದ್ರ ನಾಟಕದ ಮಂದಿ ಹೆದರತಾರ ಅಂತ ಬಲ್ಲವರು. ಅಭಿಜಿತ ಅವರಿಗೆ ಅದು ಹಣಿಗೆ ಹಚ್ಚೂ ಬಣ್ಣ, ಬಿಡ್ರಿ. ನಾಸಿರ? ಪೆಟ್ಟಿಗಿ ಏರೇತಿ ಅಂತ ಅಂವಗ ಗೊತ್ತಿದ್ರ ಅಪ್ಪನ ತಬಲಾ ಹರಿಯೂತನಕ ಬಡೀತಿದ್ದಿಲ್ಲ. ಇನ್ನ ಪೇಟಿ. ಅದು ಮನ್ಯಾಗ ಇದ್ದಿದ್ರ ಮದಲನೇ ದಿನಾನ ಮೋಸ ಹೊರಬೀಳ್ತಿತ್ತು. ಅದಕ್ಕ ಪೇಟಿ ಹೋಗಬೇಕಾತು. ಇಲಿ ಕಡೀತು ಅಂದ್ರು, ಗೀರು ಬ್ಲೇಡಿಂದು. ರಿಪೇರಿಗೆ ಕೊಟ್ಟೇನಿ ಅಂದ್ರು. ಕಾಡಪ್ಪಗ ಹೇಳಿದ್ದು, ಶೂಟಿಂಗ್ ಮುಗಿಯೂತನಕ ಕೈ ಹಚ್ಚಬ್ಯಾಡ ಅಂತ.”

ಎಲ್ಲರ ಕಣ್ಣೂ ತ್ರ್ಯಂಬಕನ ಕಡೆ ಹೊರಳಿದವು. ಮೊದಲ ಬಾರಿಗೆ ಅವನ ಬೆರಳುಗಳು ಸುಮ್ಮನಾಗಿದ್ದವು.

“ಅತ್ಯಾ,” ಎಂದ. “ಬೈಲಹೊಂಗಲದಾಗ ನಿನಗ ಸನ್ಮಾನ ಮಾಡಿದ್ರಲ್ಲ, ಅವತ್ತ ಹಾಡೂ ಮುಂದ ಮೇಲಿನ ಷಡ್ಜಕ್ಕ ನಿನ್ನ ದನಿ ಒಡೀತು. ಹಿಂದ ಕೂತ ಹುಡುಗರು ನಕ್ಕರು. ಅದನ್ನ ಫೋನಿನ್ಯಾಗ ಹಿಡದು ಊರೆಲ್ಲಾ ಹಂಚಿದ್ರು. ನೀ ಫೋನ್ ನೋಡೂದಿಲ್ಲ. ನಾ ನೋಡಿದೆ. ದಿನಾ ನೋಡಿದೆ. ಸಿನಿಮಾದಾಗೂ ಅದs ದನಿ ಉಳೀತದ, ನಾವು ಸತ್ತ ಮ್ಯಾಲೂ ಮಂದಿ ನಗ್ತಾರ ಅಂತ ಜೀವ ಹಾರಿತು. ನಿನ್ನ ಹರೇದ ದನಿ ಯಂತ್ರದಾಗ ಹಂಗs ಬಂದದ, ಬಂಗಾರದಂಗ. ಆದ್ರ ನೀ ಒಪ್ಪತಿದ್ದಿಲ್ಲ. ದನಿ ಹೋತು ಅಂತ ನಿನಗ ಅನಿಸಿದ್ರ ಒಪ್ಪತೀದಿ ಅಂತ...”

“ಮತ್ತ ಸಿಂಧೂರ?” ಎಂದರು ಹಿನಾಕೌಸರ.

“ತಬಲಾ ಹರಿದ ಮ್ಯಾಲ ನಾಸಿರ ಪೆಟ್ಟಿಗಿ ತಿರುಗಿಸಿ ಮುರುಗಿಸಿ ನೋಡ್ಲಿಕ್ಕೆ ಹತ್ತಿದ. ಏನಾರ ಒಂದು ಕಾರಣ ಬೇಕಾತು.”

ಹಸೀನಾಬಿ ಮೇಲಿನಿಂದ ಒಂದೊಂದೇ ಮೆಟ್ಟಿಲು ಇಳಿದು ಬಂದಳು. ಆ ದಿನ ಅವಳು ಮೆಲ್ಲಗೆ ಮಾತಾಡಿದ್ದು ಅದೊಂದೇ ಸಲ.

“ಕಾರಣಾ ಬೇಕಾತು. ಅದಕ್ಕ ನಾ ಸಿಕ್ಕೆನೇನೋ? ನಿನ್ನ ಮೂಗು ಒರಸಿ ಬೆಳೆಸಿದಾಕಿ ಸಿಕ್ಕೆನೇನು?”

ತ್ರ್ಯಂಬಕ ಅವಳ ಕಾಲು ಹಿಡಿಯಲು ಬಾಗಿದ. ಅವಳು ಕಾಲು ಎಳೆದುಕೊಂಡಳು. ಆತುರಗಾರನಾದ ನಾನು, “ಪೊಲೀಸರಿಗೆ ಫೋನ್ ಮಾಡ್ಲೇನ್ರಿ?” ಎಂದೆ.

“ಏನ್ ಬ್ಯಾಡ,” ಎಂದಳು ಹಸೀನಾಬಿ. “ಹೊತ್ತು ಮುಳಗಾಕ ಹತ್ತೇತಿ. ಏ ತ್ರ್ಯಂಬ್ಯಾ, ಪೇಟಿ ಹಿಡಿ. ನೀನ ಕೊಯ್ದ ತಿದಿ, ನೀನ ಒತ್ತಿ ಹಿಡಕೊಂಡು ನುಡಸು. ಆಕಿ ದನಿ ಹೆಂಗ ಬರತೈತಿ ಅಂತ ಬಾಜೂಕ ಕುಂತು ಕೇಳು.” ಅಷ್ಟು ಹೇಳಿ ಮತ್ತೆ ಮೇಲಿನ ಮೆಟ್ಟಿಲಿಗೆ ಹತ್ತಿ ನಿಂತಳು.

ಮಥುರಾಬಾಯಿ ಅಳಿಯನನ್ನು ದಿಟ್ಟಿಸಿ ನೋಡಿದರು. “ಆ ಹುಡುಗರು ನಕ್ಕದ್ದು ನಾನೂ ಕೇಳೇನಿ. ಕಣ್ಣು ಮಂಜಾಗ್ಯಾವ, ಕಿವಿ ಅಲ್ಲ. ನಕ್ಕ ಮ್ಯಾಲೂ ಇನ್ನೊಂದು ಹಾಡು ಹಾಡಿದೆನಲ್ಲ, ಅದನ್ನ ಯಾವನೂ ಫೋನಿನ್ಯಾಗ ಹಿಡೀಲಿಲ್ಲೇನು?”

ಅವನು ಪೇಟಿ ಎಳೆದುಕೊಂಡು ಎಡಗೈಯಿಂದ ತಿದಿಯ ಪಟ್ಟಿಯನ್ನು ಅದುಮಿ, ಕರಿ ನಾಕು ಹಿಡಿದ. ನಾಸಿರ ಹರಿದ ತಬಲಾ ಬದಿಗಿಟ್ಟು ಬರೀ ಎಡಗೈಯ ಡಗ್ಗದ ಮೇಲೆ ಕೈಯಿಟ್ಟ. ಅಭಿಜಿತ ಕೂಗಿದ. ಕ್ಯಾಮೆರಾ ತಿರುಗಿತು.

ಈಗ ನಾನು ಒಂದು ಮಾತನ್ನು ಉಪ್ಪುಖಾರ ಹಚ್ಚದೆ ಹೇಳುತ್ತೇನೆ, ನಂಬಿ. ಹೊಳೆ ನಿಲ್ಲಲಿಲ್ಲ. ಹಕ್ಕಿಗಳು ಬಂದು ಕೂರಲಿಲ್ಲ. ವಯಸ್ಸಾದ ಹೆಂಗಸೊಬ್ಬರು ಹಾಡಿದರು, ಅಷ್ಟೇ. ಮೇಲಿನ ಷಡ್ಜ ಬಂತು. ಬಂದು ನಿಂತು, ಕೊನೆಗೆ ಕೂದಲೆಳೆಯಷ್ಟು ಸೀಳಿತು. ಆ ಸೀಳಿನಲ್ಲೇ ಅವರು ಕೆಳಗಿಳಿದರು. ನನ್ನ ಬಾಯಿಗೆ ಒಂದು ಮಾತೂ ಬರಲಿಲ್ಲ. ನನ್ನನ್ನು ಬಲ್ಲವರಿಗೆ ಇದರ ತೂಕ ತಿಳಿಯುತ್ತದೆ.

“ಬಾಯಾರ, ಅದ್ಭುತ!” ಎಂದ ಅಭಿಜಿತ. “ಇನ್ನೂ ಸ್ವಲ್ಪ ಬೆಳಕದ. ಆ ಕೊನೇದೊಂದು ಸ್ವರಕ್ಕ ಇನ್ನೊಮ್ಮೆ—”

“ಇಲ್ಲ. ಅದು ಹಂಗs ಇರ್ಲಿ. ಅದು ನಂದು.”

ಮಥುರಾಬಾಯಿ ಎದ್ದರು. ಮಂಜುಗಣ್ಣಿನಿಂದ ಮೆಟ್ಟಿಲುಗಳನ್ನು ತಡವಿ ಹಸೀನಾಬಿ ನಿಂತಲ್ಲಿಗೆ ಹತ್ತಿದರು.

“ಹೆಂಗಾತು?”

“ಮ್ಯಾಲಿಂದು ಸೀಳಿತು.”

“ಗೊತ್ತದ,” ಎಂದರು ಮಥುರಾಬಾಯಿ. “ಮನೀಗೆ ಬರ್ತೀಯಿಲ್ಲೋ?”

“ಕರಿಯೂ ರೀತಿ ಇದೇನ? ನಿನ್ನಿ ಮಾರಿ ತಿರುಗಿಸಿದಾಕಿ ನೀನು. ಅಂವಾ ಸಣ್ಣಾಂವ, ತಿಳಿಗೇಡಿ. ನೀ?”

ಸಿನಿಮಾದಲ್ಲಿ ಎಷ್ಟೋ ಸಲ ಬರೆದುಕೊಟ್ಟ ಮಾತನ್ನು ಹೇಳಿ ಊರಿಗೆ ಊರನ್ನೇ ಅಳಿಸಿದ ಮಥುರಾಬಾಯಿಗೆ ಮಾತು ಸಿಗಲಿಲ್ಲ. ತುಟಿಗಳು ಎರಡು ಸಲ ಆಡಿದವು, ದನಿ ಹೊರಡಲಿಲ್ಲ. ಮೂರನೆಯ ಸಲ ಹೊರಟಿತು, ಹಾಡಿನಲ್ಲಿ ಸೀಳಿದ್ದಕ್ಕಿಂತ ಹೆಚ್ಚಾಗಿ ಸೀಳಿಕೊಂಡು.

“ಹಸೀನಾ, ತಪ್ಪು ಮಾಡಿದೆ. ಡಬ್ಬಿ ನೋಡಿದೆ, ನಿನ್ನ ನೋಡ್ಲಿಲ್ಲ. ನೀ ಅಲ್ಲ ಅಂತ ನನ್ನ ಬಾಯೀಲೆ ಬರಬೇಕಿತ್ತು, ಬರಲಿಲ್ಲ. ಇದೆಲ್ಲಾ ಮರತು ಬಾ.”

ಕೆಳಗೆ ದನಿ ಮುದ್ರಿಸುವ ಹುಡುಗ ಕಿವಿಯ ಮೇಲಿನ ಹೆಡ್‌ಫೋನ್ ತೆಗೆದು, ಅಪರಾಧ ಮಾಡಿದವನಂತೆ ಎದ್ದು ನಿಂತ. “ಸಾರ್, ಬಾಯಾರ ಸೀರಿಯಾಗಿನ ಮೈಕ್ ಇನ್ನೂ ಚಾಲೂ ಐತ್ರಿ. ಈ ಮಾತೆಲ್ಲಾ ಬಂದುಬಿಟ್ಟಾವ. ಅಳಸಿಬಿಡ್ಲೇನ್ರಿ?”

ಅಭಿಜಿತ ಉತ್ತರಿಸುವುದರೊಳಗೆ ಹಸೀನಾಬಿ ಹೊಳೆಯ ಆಚೆ ದಂಡೆಗೂ ಕೇಳುವಂತೆ ಕೂಗಿದಳು:

“ಅಳಸಿದ್ರ ನೋಡು ಮತ್ತ! ಅದೂ ಆಕಿದ ದನಿ ಅಲ್ಲೇನು?”